ಇದು ನಮ್ಮ ಹೊಳೆಯ ಚಿಪ್ಪಲ್ಲ: ಹಿನ್ನೀರಲ್ಲಿ ಹೊಸ ಜೀವಿ ಕಂಡರೆ ಏನು ಮಾಡಬೇಕು

ಹೋದ ವರ್ಷ ಮಳೆಗಾಲ ಮುಗಿದ ಮೇಲೆ ಅಘನಾಶಿನಿ ದಡದ ಚಿಕ್ಕಮ್ಮನ ಮನೆಗೆ ಹೋಗಿದ್ದೆ. ಇಳಿತದ ಹೊತ್ತಿಗೆ ಹೊಳೆಗೆ ಹೋದವಳು ಬೆಳಚು, ಅಂದರೆ ಕೆಸರು ಮರಳಿನಲ್ಲಿ ಸಿಗುವ ತಿನ್ನುವ ಚಿಪ್ಪು, ಆರಿಸಿಕೊಂಡು ಬಂದು ಬುಟ್ಟಿ ಸುರಿದಳು. ಬೆಳಚಿನ ನಡುವೆ ಒಂದು ನೈಲಾನ್ ಹಗ್ಗದ ತುಂಡು, ಅದಕ್ಕೆ ನಾರಿನಿಂದ ಕಚ್ಚಿಕೊಂಡ ಒಂದು ಕಂದು ಬಣ್ಣದ ಉದ್ದ ಚಿಪ್ಪು. ಅದನ್ನು ಬೆರಳಲ್ಲಿ ತಿರುಗಿಸಿ ನೋಡಿ, "ಇದು ನಮ್ ಹೊಳೆದಲ್ಲ ತಮಾ" ಅಂದಳು.

ನನಗೆ ಎಲ್ಲಿಲ್ಲದ ಉತ್ಸಾಹ. ಕೇರಳದಲ್ಲಿ ವಿದೇಶಿ ಚಿಪ್ಪಿನ ಕಾಟ ಅಂತ ಓದಿದ್ದೆನಲ್ಲ, ಅದೇ ಬಂತು ಅಂದುಕೊಂಡು ಗಡಿಬಿಡಿಯಲ್ಲಿ ಒಂದು ಫೋಟೋ ತೆಗೆದು ಪರಿಚಯದ ಸಂಶೋಧಕರೊಬ್ಬರಿಗೆ ಕಳಿಸಿದೆ. ಫೋಟೋ ಅಲುಗಿತ್ತು. ಅವರು ತಾಳ್ಮೆಯಿಂದ ಕೇಳಿದರು: ಒಳಭಾಗದ ಫೋಟೋ ಇದೆಯಾ? ಎಷ್ಟು ದೊಡ್ಡದು? ಎಲ್ಲಿ ಸಿಕ್ಕಿದ್ದು? ನನ್ನ ಹತ್ತಿರ ಒಂದಕ್ಕೂ ಉತ್ತರ ಇರಲಿಲ್ಲ. ಕಡೆಗೆ ಚಿಪ್ಪು ಬಿಡಿಸಿ ಒಳಗಿನ ಫೋಟೋ ಕಳಿಸಿದ ಮೇಲೆ ಗೊತ್ತಾಯಿತು, ಅದು ನಮ್ಮದೇ ನೀಲಿಕಲ್ಲು, ನಾವು ತಿನ್ನುವ ಹಸಿರು ಅಂಚಿನ ಚಿಪ್ಪು. ವಯಸ್ಸಾದಂತೆ ಕಂದು ಬಣ್ಣಕ್ಕೆ ತಿರುಗುತ್ತದೆ, ನಾನು ಮೋಸ ಹೋಗಿದ್ದೆ.

ಆದರೆ ಚಿಕ್ಕಮ್ಮ ಹೇಳಿದ್ದು ಸುಳ್ಳಲ್ಲ ನೋಡಿ. ಅವಳು ಬೆಳಚು ತೆಗೆಯುವುದು ಹೊಳೆಯ ಒಳಭಾಗದಲ್ಲಿ, ನೀಲಿಕಲ್ಲು ಇರುವುದು ಅಳಿವೆಯ ಆಚೆ, ಸಮುದ್ರದ ಬಂಡೆ ಮೇಲೆ. ಹಗ್ಗದ ತುಂಡಿಗೆ ಅಂಟಿಕೊಂಡು ಅದು ಒಳಗೆ ಬಂದಿತ್ತು. ಹೊರಗಿನ ಜೀವಿಗಳು ಊರೂರು ಸುತ್ತುವುದೂ ಹೀಗೇ. ಹಗ್ಗ, ಬೋಟು, ಬಲೆ, ಥರ್ಮೋಕೋಲು, ಯಾವುದಾದರೂ ಸರಿ. ದಿನಾ ನೀರಿಗೆ ಕೈ ಹಾಕುವವರ ಕಣ್ಣಿಗೆ ಮೊದಲು ಬೀಳುತ್ತದೆ, ಆದರೆ ಅವರನ್ನು ಯಾರೂ ಕೇಳುವುದಿಲ್ಲ, ಅವರಿಗೂ ಯಾರಿಗೆ ಹೇಳಬೇಕು ಗೊತ್ತಿಲ್ಲ. ನಾನು ಮಾಡಿದ ಎಡವಟ್ಟು ನೀವು ಮಾಡಬೇಡಿ ಅಂತ ಇದನ್ನು ಬರೆಯುತ್ತಿದ್ದೇನೆ.

ಮೊದಲು ಶತ್ರು ಯಾರು ಅಂತ ತಿಳಿದುಕೊಳ್ಳಿ

ನಾನು ಮುಖ್ಯವಾಗಿ ಹೇಳುತ್ತಿರುವುದು ಚಾರು ಮಸಲ್ ಎಂಬ ಚಿಪ್ಪಿನ ಬಗ್ಗೆ. ವಿಜ್ಞಾನಿಗಳ ಹೆಸರು ಮೈಟೆಲ್ಲಾ ಸ್ಟ್ರಿಗಾಟಾ. ಇಲ್ಲಿ ಚಾರು ಚಿಪ್ಪು ಅಂತಲೇ ಕರೆಯುತ್ತೇನೆ. ಇದರ ತವರು ಮಧ್ಯ ಮತ್ತು ದಕ್ಷಿಣ ಅಮೆರಿಕದ ಕರಾವಳಿ. 1986ರಲ್ಲಿ ಅಮೆರಿಕದ ಫ್ಲೋರಿಡಾದಲ್ಲಿ ಕಂಡಿತು, 2014ರಲ್ಲಿ ಫಿಲಿಪ್ಪೀನ್ಸ್, 2016ರ ಹೊತ್ತಿಗೆ ಸಿಂಗಾಪುರ, ಆಮೇಲೆ ನಮ್ಮ ಪಕ್ಕದ ಕೇರಳ. ಕೊಲ್ಲಂ ಹತ್ತಿರದ ಅಷ್ಟಮುಡಿ ಕೆರೆಯಲ್ಲಿ ಇದು ನೆಲದ ಮೇಲೆ ಚಾಪೆ ಹಾಸಿದಂತೆ ಹರಡಿತು. ಅಷ್ಟಮುಡಿ ಸಾಮಾನ್ಯ ಜಾಗವಲ್ಲ, ಅಲ್ಲಿನ ಕಪ್ಪೆಚಿಪ್ಪಿನ ಮೀನುಗಾರಿಕೆಗೆ 2014ರಲ್ಲಿ ಅಂತಾರಾಷ್ಟ್ರೀಯ ಎಂಎಸ್‌ಸಿ ಪ್ರಮಾಣಪತ್ರ (ಸಂತತಿ ಬರಿದಾಗದಂತೆ ಹಿಡಿಯುವವರಿಗೆ ಕೊಡುವಂಥದ್ದು) ಸಿಕ್ಕಿತ್ತು, ಭಾರತಕ್ಕೇ ಮೊದಲನೆಯದು. ಅಂಥ ಕಡೆಯೇ ನಾಡಚಿಪ್ಪಿನ ಮೇಲೆ ಇದು ಹತ್ತಿ ಕೂತಿತು. ತಮಿಳುನಾಡಿನ ಎಣ್ಣೂರು, ಪುಲಿಕಾಟ್ ಕಡೆಯ ಮೀನುಗಾರರು ಇದನ್ನೇ 'ಕಾಕಾ ಆಳಿ' ಎನ್ನುತ್ತಾರೆ. ಸಿಗಡಿ ಓಡಾಡುವ ಕೆಸರಿನ ಮೇಲೆಲ್ಲ ಇದೇ ತುಂಬಿಕೊಂಡಿದೆ ಅಂತ ಅವರ ದೂರು. ಅದು ಹಸಿರು ನ್ಯಾಯಮಂಡಳಿವರೆಗೂ ಹೋಯಿತು.

ಇದಕ್ಕೆ ಇಷ್ಟು ಧೈರ್ಯ ಎಲ್ಲಿಂದ? ಉಪ್ಪಿನ ಲೆಕ್ಕ. ನಮ್ಮ ಹೊಳೆಗಳಲ್ಲಿ ಜೂನಿನಿಂದ ಸೆಪ್ಟೆಂಬರ್ ತನಕ ಮಳೆನೀರು ನುಗ್ಗಿ ಅಳಿವೆಯ ತನಕ ಸಿಹಿಯಾಗಿಬಿಡುತ್ತದೆ, ನೀಲಿಕಲ್ಲಿಗೆ ಅದು ಆಗಿಬರುವುದಿಲ್ಲ, ಅದಕ್ಕೇ ಹಿನ್ನೀರಲ್ಲಿ ಹಗ್ಗ ಕಟ್ಟಿ ನೀಲಿಕಲ್ಲು ಸಾಕುವವರು ಮಳೆಗಾಲಕ್ಕೆ ಮೊದಲೇ ಕೊಯ್ಲು ಮುಗಿಸುತ್ತಾರೆ. ಚಾರು ಚಿಪ್ಪು ಹಾಗಲ್ಲ. ನೀರು ನಿಧಾನಕ್ಕೆ ಬದಲಾದರೆ ಹೆಚ್ಚುಕಡಿಮೆ ಸಿಹಿನೀರಿನಿಂದ ಹಿಡಿದು ಸಮುದ್ರಕ್ಕಿಂತ ಉಪ್ಪಾದ ನೀರಿನ ತನಕ ತಡೆದುಕೊಳ್ಳುತ್ತದೆ. ಮತ್ತೆ ನೀಲಿಕಲ್ಲಿಗೆ ಕಚ್ಚಿಕೊಳ್ಳಲು ಬಂಡೆಯೋ ಕಂಬವೋ ಬೇಕು, ಇದಕ್ಕೆ ಕೆಸರಾದರೂ ನಡೆಯುತ್ತದೆ. ಬೆಳಚು ಇರುವುದೂ ಆ ಕೆಸರು, ಮರಳಿನಲ್ಲೇ ಅಲ್ವಾ.

ಇನ್ನೊಂದು ಇದೆ, ಮೈಟಿಲಾಪ್ಸಿಸ್ ಸಲೈ, ಕೆರಿಬಿಯನ್ ಕಡೆಯದು. ಇದು ಹಳೇ ಪಾಪಿ. 1967ರಲ್ಲೇ ವಿಶಾಖಪಟ್ಟಣ ಬಂದರಿನಲ್ಲಿ ಕಾಣಿಸಿಕೊಂಡಿತ್ತು, ಆಮೇಲೆ ಮುಂಬೈ, ಕೊಚ್ಚಿ.

ಒಂದು ಮಾತು ನಡುವೆ. ನಾವು ಸುಕ್ಕ ಮಾಡಿ ಚಪ್ಪರಿಸುವ ನೀಲಿಕಲ್ಲು ಇದೆಯಲ್ಲ, 1999ರಲ್ಲಿ ಫ್ಲೋರಿಡಾದ ಟ್ಯಾಂಪಾ ಕೊಲ್ಲಿಗೆ ಅದು ಹೋಗಿ ಸೇರಿ, ಅಲ್ಲಿನ ವಿದ್ಯುತ್ ಸ್ಥಾವರದ ನೀರಿನ ಕೊಳವೆಯಲ್ಲಿ ಕೂತು ಕಾಟ ಕೊಟ್ಟಿತು. ನೇತ್ರಾಣಿಯಲ್ಲಿ ಡೈವಿಂಗ್ ಮಾಡಿದವರು ನೋಡಿರುವ ಸಿಂಹಮೀನಿನ ಬಳಗದ್ದೇ ಎರಡು ಜಾತಿ ಕೆರಿಬಿಯನ್ ಸಮುದ್ರದಲ್ಲಿ ಸಣ್ಣ ಮೀನುಗಳನ್ನೆಲ್ಲ ನುಂಗಿ ಹಾಕುತ್ತಿವೆ. ಅಂದರೆ ಚಿಪ್ಪು ಕೆಟ್ಟದ್ದಲ್ಲ, ಮೀನೂ ಕೆಟ್ಟದ್ದಲ್ಲ. ಇಲ್ಲಿ ನೀಲಿಕಲ್ಲನ್ನು ತಿನ್ನುವ ಏಡಿ ಇದೆ, ಕೊಲ್ಲುವ ಮಳೆ ಇದೆ, ಬಂಡೆಗೆ ಉಳಿ ಹಾಕಿ ಕೀಳುವ ನಾವಿದ್ದೇವೆ. ಅಲ್ಲಿ ಇದನ್ನು ಹೀಗೆ ಹಿಡಿತದಲ್ಲಿಡುವ ಬಳಗ ಇಲ್ಲ.

ಎಲ್ಲಿ ನೋಡಬೇಕು, ಯಾವಾಗ

ಅಮಾವಾಸ್ಯೆ ಅಥವಾ ಹುಣ್ಣಿಮೆಯ ಆಸುಪಾಸಿನ ದಿನ ಇಳಿತ ಜಾಸ್ತಿ, ಆಗ ಹೋಗಿ. ಪಂಚಾಂಗ ಇದ್ದರೆ ಸಾಕು, ಆ್ಯಪ್ ಬೇಡ. ತಿಂಗಳಿಗೊಮ್ಮೆ ಅದೇ ಜಾಗ ನೋಡಬೇಕು. ಹತ್ತು ಕಡೆ ಒಂದೊಂದು ಸಲ ನೋಡುವುದಕ್ಕಿಂತ ಒಂದೇ ಕಡೆ ಹತ್ತು ಸಲ ನೋಡುವುದು ಒಳ್ಳೆಯದು, ಯಾಕೆಂದರೆ ಮಾಮೂಲಿ ಏನಿರುತ್ತದೆ ಅಂತ ಗೊತ್ತಿದ್ದರೆ ತಾನೇ ಹೊಸದು ಗೊತ್ತಾಗುವುದು.

ದಕ್ಕೆಯ ಕಂಬ, ಸೇತುವೆಯ ಕಂಬ, ಗಜನಿಯ (ಹಿನ್ನೀರಿನ ಉಪ್ಪುಗದ್ದೆ) ತೂಬಿನ ಹಲಗೆ, ಸಿಗಡಿ ಕೆರೆಗೆ ನೀರು ಬರುವ ಬಾಯಿ, ಕಾಂಡ್ಲ (ಮ್ಯಾಂಗ್ರೋವ್) ಗಿಡದ ಬೇರು. ಪಂಜರದಲ್ಲಿ ಮೀನು ಸಾಕುವವರಿದ್ದರೆ ಅವರ ಬಲೆ ಮತ್ತು ಡ್ರಮ್ಮಿನ ತಳ. ಎಲ್ಲಕ್ಕಿಂತ ಮುಖ್ಯವಾಗಿ, ಆರು ತಿಂಗಳಿಂದ ಕದಲದೆ ನಿಂತ ಬೋಟು. ಓಡಾಡುವ ಬೋಟಿಗಿಂತ ನಿಂತ ಬೋಟಿನ ಅಡಿಯಲ್ಲೇ ಚಿಪ್ಪು ಜಾಸ್ತಿ ಹಿಡಿಯುತ್ತದೆ.

ವರ್ಷಕ್ಕೊಂದೇ ಸಲ ನೋಡುತ್ತೇನೆ ಅನ್ನುವವರು ಸೆಪ್ಟೆಂಬರ್ ಕೊನೆಗೆ ನೋಡಿ. ಇಡೀ ಮಳೆಗಾಲದ ಸಿಹಿನೀರು ಕುಡಿದು ಹೊಳೆಯ ಒಳಗೆ ಕಂಬದ ಮೇಲೆ ನೀಲಿಕಲ್ಲಿನಂಥದ್ದೇನೋ ಗೊಂಚಲು ಗೊಂಚಲಾಗಿ ಬದುಕಿ ಉಳಿದಿದ್ದರೆ, ಅದನ್ನು ಕಿತ್ತು ಒಳಗೆ ನೋಡಲೇಬೇಕು.

ಕಾಲಿಗೆ ದಪ್ಪ ಚಪ್ಪಲಿ ಅಥವಾ ಗಮ್ ಬೂಟು ಇರಲಿ, ಕೈಗೆ ಗ್ಲೌಸ್. ಕಲ್ವದ (ಗಟ್ಟಿ ಜಾಗಕ್ಕೆ ಅಂಟಿ ಬೆಳೆಯುವ ಸಿಂಪಿ) ಚಿಪ್ಪು ಬ್ಲೇಡಿನ ಹಾಗೆ ಕೊಯ್ಯುತ್ತದೆ. ಕೆಸರಿಗೆ ಒಬ್ಬರೇ ಇಳಿಯಬೇಡಿ, ಭರತ ಏರುವ ಮೊದಲೇ ವಾಪಸ್ ಬನ್ನಿ.

ಹಂಚಿನ ತುಂಡು ಕಟ್ಟಿ ಬಿಡಿ

ಇದು ನನಗೆ ಅತಿ ಇಷ್ಟವಾದ ಉಪಾಯ. ಮನೆ ಹಿತ್ತಲಲ್ಲಿ ಒಡೆದ ಮಂಗಳೂರು ಹಂಚು ಇದ್ದೇ ಇರುತ್ತದೆ. ಅಂಗೈ ಅಗಲದ ಎರಡು ತುಂಡಿಗೆ ತೂತು ಮಾಡಿ, ಒಂದು ಮೀಟರ್ ಹಗ್ಗಕ್ಕೆ ಒಂದರ ಕೆಳಗೊಂದು ಕಟ್ಟಿ, ದಕ್ಕೆಯ ಅಥವಾ ನಿಮ್ಮ ದೋಣಿ ಕಟ್ಟುವ ಗೂಟದ ಹತ್ತಿರ ಇಳಿಬಿಡಿ. ಎಂಥ ಇಳಿತದಲ್ಲೂ ಹಂಚು ನೀರೊಳಗೇ ಇರಬೇಕು, ಕೆಸರಿಗೆ ತಾಗಬಾರದು. ನೀರಲ್ಲಿ ತೇಲುವ ಚಿಪ್ಪಿನ ಮರಿಗಳು ಕೂರಲು ಗಟ್ಟಿ ಜಾಗ ಹುಡುಕುತ್ತಿರುತ್ತವೆ, ಹಂಚಿನ ಒರಟು ಮೈ ಅವಕ್ಕೆ ಹೇಳಿ ಮಾಡಿಸಿದ್ದು. ವಿಜ್ಞಾನಿಗಳು ಬಂದರುಗಳಲ್ಲಿ ಫಲಕ ಇಳಿಬಿಟ್ಟು ಮಾಡುವ ಕೆಲಸವೂ ಇದೇ.

ತಿಂಗಳಿಗೊಮ್ಮೆ ಎತ್ತಿ, ಎರಡೂ ಮೈಯ ಫೋಟೋ ತೆಗೆದು, ಮತ್ತೆ ಇಳಿಬಿಡಿ. ತಾರೀಕು ಬರೆದಿಡಿ. "ಏನೂ ಇಲ್ಲ" ಅನ್ನುವುದನ್ನೂ ಬರೆಯಿರಿ. ಮುಂದೆ ಯಾವತ್ತಾದರೂ ಹೊಸ ಚಿಪ್ಪು ಕಂಡರೆ, ಮಾರ್ಚ್ ತನಕ ಇರಲಿಲ್ಲ, ಏಪ್ರಿಲಿನಲ್ಲಿ ಬಂತು ಅಂತ ಹೇಳಲು ಆ ಖಾಲಿ ಸಾಲುಗಳೇ ಸಾಕ್ಷಿ.

ಯಾಕೆ ಇಷ್ಟು ತಿಂಗಳ ಲೆಕ್ಕ ಅಂದರೆ, ಆಸ್ಟ್ರೇಲಿಯಾದ ಡಾರ್ವಿನ್ ಊರಿನ ಕತೆ ಕೇಳಿ. 1999ರ ಮಾರ್ಚಿನಲ್ಲಿ ಅಲ್ಲಿನ ಬೋಟುಗಳು ನಿಲ್ಲುವ ಕಟ್ಟೆಯೊಳಗೆ ಮೈಟಿಲಾಪ್ಸಿಸ್ ಕಂಡಿತು. ಆರು ತಿಂಗಳ ಹಿಂದೆ ಅದೇ ಜಾಗ ನೋಡಿದ್ದಾಗ ಒಂದೂ ಇರಲಿಲ್ಲ. ಈಗ ಚದರ ಮೀಟರಿಗೆ ಸಾವಿರಗಟ್ಟಲೆ. ಪುಣ್ಯಕ್ಕೆ ಆ ಕಟ್ಟೆಗಳಿಗೆ ಸಮುದ್ರದ ಕಡೆ ಗೇಟು ಇತ್ತು. ಗೇಟು ಹಾಕಿ, ಒಳಗಿನ ನೀರಿಗೆಲ್ಲ ಕ್ಲೋರಿನ್, ಮೈಲುತುತ್ತ ಸುರಿದು, ಚಿಪ್ಪಿನ ಜೊತೆ ಒಳಗಿದ್ದ ಇತರ ಜೀವಿಗಳನ್ನೂ ಕೊಂದು, ಹೊರಗೆ ಹೋಗಿದ್ದ ಬೋಟುಗಳನ್ನು ಹುಡುಕಿ ಹಿಡಿದು ಪರೀಕ್ಷೆ ಮಾಡಿ ಕಡೆಗೂ ನಿರ್ನಾಮ ಮಾಡಿದರು. ಜಗತ್ತಿನಲ್ಲಿ ಇಂಥ ಗೆಲುವು ಅಪರೂಪ. ನಮ್ಮ ಅಘನಾಶಿನಿಗೆ, ಗಂಗೊಳ್ಳಿಗೆ, ನೇತ್ರಾವತಿಗೆ ಗೇಟು ಎಲ್ಲಿಂದ ತರುವುದು?

ಕೈಗೆ ಸಿಕ್ಕಿದ್ದನ್ನು ಗುರುತಿಸುವುದು

ಬಣ್ಣ ನೋಡಿ ತೀರ್ಮಾನ ಮಾಡಬೇಡಿ. ನಾನು ಕೆಟ್ಟದ್ದು ಅಲ್ಲೇ.

ಎರಡು ಚಿಪ್ಪು ಬಿಡಿಸಿ, ಮಾಂಸ ತೆಗೆದು, ತೊಳೆದು, ಬೆಳಕಿಗೆ ಹಿಡಿಯಿರಿ. ನೀಲಿಕಲ್ಲಿನ ಒಳಮೈ ಮುತ್ತಿನ ಹಾಗೆ ಹೊಳೆಯುವ ತಿಳಿ ಬಣ್ಣ, ಸ್ವಲ್ಪ ನೀಲಿ ಛಾಯೆ, ಅಂಚಿಗೆ ಹಸಿರು. ಚಾರು ಚಿಪ್ಪಿನ ಒಳಮೈ ಸಾಮಾನ್ಯವಾಗಿ ನೇರಳೆ, ಕೆಲವು ಕಡು ನೇರಳೆ. ಈ ಒಂದು ವ್ಯತ್ಯಾಸವೇ ಅರ್ಧ ಕೆಲಸ ಮುಗಿಸುತ್ತದೆ. ಆಮೇಲೆ ಮೂತಿ ನೋಡಿ. ನೀಲಿಕಲ್ಲಿನ ಮೂತಿ ಗಿಳಿಯ ಕೊಕ್ಕಿನಂತೆ ಚೂಪಾಗಿ ಕೆಳಗೆ ಬಾಗಿರುತ್ತದೆ. ಚಾರುವಿನದ್ದು ಅಷ್ಟು ಚೂಪಲ್ಲ, ತುದಿ ಸ್ವಲ್ಪ ಮೊಂಡು. ಹೊರಮೈ ಕಪ್ಪು, ಕಂದು, ಪಾಚಿಹಸಿರು ಯಾವುದೂ ಇರಬಹುದು, ಕೆಲವಕ್ಕೆ ಅಲೆ ಅಲೆಯಾದ ಗೆರೆ ಇರುತ್ತದೆ. ಗಾತ್ರ ಹೆಚ್ಚಾಗಿ 2ರಿಂದ 5 ಸೆಂಟಿಮೀಟರ್. ನೀಲಿಕಲ್ಲು ಅದರ ಎರಡು ಪಟ್ಟು ಬೆಳೆಯುತ್ತದೆ.

ಮೈಟಿಲಾಪ್ಸಿಸ್ ಇನ್ನೂ ಚಿಕ್ಕದು, ಹೆಬ್ಬೆರಳಿನ ಉಗುರಿನಷ್ಟು, ಮಂಕು ಬಣ್ಣ. ಅದರ ಚೂಪು ತುದಿಯ ಒಳಗೆ ಬೆರಳ ಉಗುರಿಂದ ಸವರಿದರೆ ಒಂದು ಪುಟ್ಟ ಅಟ್ಟ ಸಿಗುತ್ತದೆ, ಮೂಲೆಯಲ್ಲಿ ಹಲಗೆ ಹೊಡೆದಂತೆ. ನೀಲಿಕಲ್ಲಿಗೆ ಆ ಅಟ್ಟ ಇಲ್ಲ. ಚಾರುವಿಗೂ ಇಲ್ಲ. ಹೊರಮೈ ಮೇಲೆ ಬಾಚಣಿಗೆ ಎಳೆದಂತೆ ಉಬ್ಬು ಗೆರೆಗಳಿದ್ದರೆ ಅದು ಬೇರೆಯೇ ಜಾತಿ, ನಮ್ಮಲ್ಲಿ ಮೊದಲಿನಿಂದ ಇರುವ ಅಂಥ ಸಣ್ಣ ಚಿಪ್ಪುಗಳಿವೆ, ಹೆದರಬೇಡಿ.

ಇಷ್ಟು ನೋಡಿಯೂ ಅನುಮಾನ ಉಳಿದರೆ ಉಳಿಯಲಿ. ತೀರ್ಪು ಕೊಡುವುದು ನಮ್ಮ ಕೆಲಸ ಅಲ್ಲ.

ಫೋಟೋ ಮತ್ತು ಸ್ಯಾಂಪಲ್

ನಾಲ್ಕು ಫೋಟೋ ಸಾಕು: ಅದು ಅಂಟಿಕೊಂಡಿದ್ದ ಜಾಗ, ಹೊರಮೈ, ಒಳಮೈ, ಮೂತಿಯ ಹತ್ತಿರದ ನೋಟ. ಪಕ್ಕದಲ್ಲಿ ಒಂದು ರೂಪಾಯಿ ನಾಣ್ಯವೋ ಸ್ಕೇಲೋ ಇಡಿ. ಮೊಬೈಲಿನಲ್ಲಿ ಲೊಕೇಶನ್ ಆನ್ ಮಾಡಿಟ್ಟರೆ ಜಾಗ ತಾನಾಗೇ ದಾಖಲಾಗುತ್ತದೆ, ವಾಟ್ಸ್ಆ್ಯಪಿನಲ್ಲಿ ಕಳಿಸುವಾಗ ಆ ಮಾಹಿತಿ ಅಳಿಸಿಹೋಗುತ್ತದೆ, ಅದಕ್ಕೆ ಜಾಗದ ಹೆಸರನ್ನು ಬೇರೆ ಬರೆದು ಕಳಿಸಿ. ಬಿಸಿಲಿಗೆ ಬೆನ್ನು ಹಾಕಿ ನಿಮ್ಮ ನೆರಳಲ್ಲಿ ತೆಗೆಯಿರಿ, ಒದ್ದೆ ಚಿಪ್ಪು ಕನ್ನಡಿಯಂತೆ ಹೊಳೆದು ಏನೂ ಕಾಣುವುದಿಲ್ಲ.

ಹತ್ತು ಚಿಪ್ಪು ಒಂದು ಜಿಪ್ ಕವರಿಗೆ ಹಾಕಿ ಫ್ರೀಜರಿನಲ್ಲಿಡಿ. ಪೆನ್ಸಿಲಿನಲ್ಲಿ ಬರೆದ ಚೀಟಿ ಒಳಗೇ ಇರಲಿ, ಪೆನ್ನಿನ ಶಾಯಿ ಕದಡಿಹೋಗುತ್ತದೆ. ಫ್ರೀಜರ್ ಇಲ್ಲದಿದ್ದರೆ ಮೆಡಿಕಲ್ ಶಾಪಿನ ಸರ್ಜಿಕಲ್ ಸ್ಪಿರಿಟ್ ನಡೆಯುತ್ತದೆ. ಫಾರ್ಮಾಲಿನ್ ಬೇಡ, ಅದರಲ್ಲಿಟ್ಟರೆ ಡಿಎನ್‌ಎ ಪರೀಕ್ಷೆ ಕಷ್ಟ. ಜೀವಂತ ಚಿಪ್ಪನ್ನು ಬಕೆಟ್ಟಿನಲ್ಲಿ ಹಾಕಿಕೊಂಡು ಇನ್ನೊಂದು ಊರಿಗೆ ತೋರಿಸಲು ಒಯ್ಯಬೇಡಿ. ತೋರಿಸಿದ ಮೇಲೆ ಆ ನೀರು ಎಲ್ಲಿಗೆ ಚೆಲ್ಲುತ್ತೀರಿ?

ಯಾರಿಗೆ ಹೇಳುವುದು

ಕಾರವಾರದಲ್ಲೂ ಮಂಗಳೂರಿನಲ್ಲೂ ಸಿಎಂಎಫ್‌ಆರ್‌ಐ ಕೇಂದ್ರ ಇದೆ, ಕಡಲ ಮೀನುಗಾರಿಕೆಯ ಸಂಶೋಧನೆ ಅವರ ಕೆಲಸ. ಕಾರವಾರದ ಕೋಡಿಬಾಗದಲ್ಲಿ ಕರ್ನಾಟಕ ವಿಶ್ವವಿದ್ಯಾಲಯದ ಕಡಲ ಜೀವಶಾಸ್ತ್ರ ವಿಭಾಗ ಇದೆ. ಮಂಗಳೂರಿನಲ್ಲಿ ಮೀನುಗಾರಿಕಾ ಕಾಲೇಜು. ನಿಮಗೆ ಹತ್ತಿರ ಇರುವುದು ತಾಲೂಕಿನ ಮೀನುಗಾರಿಕೆ ಇಲಾಖೆ ಕಚೇರಿ. ನನ್ನ ಸಲಹೆ ಕೇಳುವುದಾದರೆ ಸಂಶೋಧಕರಿಗೂ ಇಲಾಖೆಗೂ ಒಟ್ಟಿಗೇ ಕಳಿಸಿ, ಇ-ಮೇಲ್ ಇದ್ದರೆ ಇನ್ನೂ ಒಳ್ಳೆಯದು, ಬಾಯಿಮಾತು ಯಾರ ಟೇಬಲ್ಲಿನ ಮೇಲೂ ಉಳಿಯುವುದಿಲ್ಲ. ಐನ್ಯಾಚುರಲಿಸ್ಟ್ ಆ್ಯಪಿಗೆ ಫೋಟೋ ಹಾಕಿದರೆ ಬೇರೆ ದೇಶದ ಚಿಪ್ಪು ತಜ್ಞರೂ ನೋಡುತ್ತಾರೆ.

ಉತ್ತರ ಬರುವ ಮೊದಲು ಫೇಸ್‌ಬುಕ್ಕಿನಲ್ಲಿ "ಅಘನಾಶಿನಿಗೆ ವಿದೇಶಿ ದಾಳಿ" ಅಂತ ಹಾಕಬೇಡಿ ಮಾರಾಯ್ರೇ. ಬೆಳಚು ಮಾರಿ ಬದುಕುವ ಹೆಂಗಸರ ಬುಟ್ಟಿ ಮರುದಿನ ಮಾರ್ಕೆಟ್ಟಿನಲ್ಲಿ ಹಾಗೇ ಉಳಿಯುತ್ತದೆ.

ಹರಡದಂತೆ ನೋಡಿಕೊಳ್ಳಿ

ಹಡಗಿನ ಹೊಟ್ಟೆಯಲ್ಲಿ ಸಮತೋಲನಕ್ಕೆ ತುಂಬಿದ ನೀರಿನ ಮೂಲಕ ಜೀವಿಗಳು ದೇಶ ದಾಟುತ್ತವೆ. ಅದಕ್ಕೊಂದು ಅಂತಾರಾಷ್ಟ್ರೀಯ ಒಪ್ಪಂದ 2004ರಲ್ಲಿ ಆಗಿ, 2017ರ ಸೆಪ್ಟೆಂಬರ್ 8ರಿಂದ ಜಾರಿಯಲ್ಲಿದೆ. ಪಣಂಬೂರಿಗೆ ಬರುವ ಹಡಗಿನ ವಿಷಯದಲ್ಲಿ ನಾನೂ ನೀವೂ ಮಾಡುವಂಥದ್ದು ಕಡಿಮೆ. ಆದರೆ ದೊಡ್ಡ ಬಂದರಿನಿಂದ ಸಣ್ಣ ಹೊಳೆಗೆ ಅದನ್ನು ತರುವುದು ಹಡಗಲ್ಲ, ನಮ್ಮ ಬೋಟು.

ಜೂನ್, ಜುಲೈ ಎರಡು ತಿಂಗಳು ಯಾಂತ್ರಿಕ ಬೋಟುಗಳಿಗೆ ರಜೆ. ಮೇಲೆಳೆದ ಬೋಟಿನ ಅಡಿ ಕೆರೆದು, ಹೊಸ ಬಣ್ಣ ಹೊಡೆಯುವ ಕಾಲ. ಕೆರೆದು ಬಿದ್ದ ಚಿಪ್ಪಿನ ರಾಶಿಯನ್ನು ಸುಮ್ನೆ ಹೊಳೆಗೆ ನೂಕುವುದು ಎಲ್ಲಾ ಕಡೆ ರೂಢಿ. ಒಂದು ಟಾರ್ಪಾಲು ಹಾಸಿಕೊಂಡು ಕೆರೆಯಿರಿ, ರಾಶಿಯನ್ನು ಭರತದ ನೀರು ತಾಗದಷ್ಟು ದೂರ ಒಯ್ದು ಗುಂಡಿಯಲ್ಲಿ ಹೂಳಿ. ಹಳೇ ಬಣ್ಣದ ಪುಡಿ ಬೆರೆತಿರುತ್ತದೆ, ಅದನ್ನು ತೆಂಗಿನ ಬುಡಕ್ಕೆ ಹಾಕಬೇಡಿ. ಕೇರಳದ ಕಡೆ ನಿಂತು ಬಂದ ಬೋಟಾದರೆ ಹೊಳೆಯೊಳಗೆ ತರುವ ಮೊದಲೇ ಅಡಿ ನೋಡಿಸುವುದು ಒಳ್ಳೆಯದು. ನೀರು ಎಳೆಯುವ ಪೈಪಿನ ಬಾಯಿ, ಪ್ರೊಪೆಲ್ಲರಿನ ಸಂದು, ಬ್ರಷ್ ಹೋಗದ ಕಡೆಯೇ ಇವು ಅಡಗಿರುತ್ತವೆ.

ಹಗ್ಗ, ಬಲೆ, ಕಯಾಕು ಇವನ್ನೆಲ್ಲ ಒಂದು ಹೊಳೆಯಿಂದ ಇನ್ನೊಂದಕ್ಕೆ ಒಯ್ಯುವ ಮೊದಲು ಒಣಗಿಸಿ. ಬಾವಿ ನೀರಲ್ಲಿ ತೊಳೆದರೆ ಚಾರು ಚಿಪ್ಪು ಸಾಯುವುದಿಲ್ಲ, ಸಿಹಿನೀರು ಇದಕ್ಕೆ ದೊಡ್ಡ ವಿಷಯವಲ್ಲ ಅಂತ ಆಗಲೇ ಹೇಳಿದೆ. ಬಾಯಿ ಮುಚ್ಚಿಕೊಂಡು ದಿನಗಟ್ಟಲೆ ಕಾಯುತ್ತದೆ. ಖಡಕ್ ಬಿಸಿಲಿಗೆ ಹರಡಿ ಒಂದು ವಾರ ಬಿಡಿ, ಹಗ್ಗದ ಗಂಟುಗಳನ್ನು ಬಿಚ್ಚಿ ಒಣಗಿಸಿ. ಅವಸರ ಇದ್ದರೆ ಸಣ್ಣ ಸಾಮಾನಿಗೆ ಕುದಿಯುವ ನೀರು ಸುರಿಯಿರಿ.

ನೀಲಿಕಲ್ಲಿನ ಬೀಜವನ್ನೋ ಸಿಗಡಿ ಮರಿಯನ್ನೋ ಹೊರಗಿಂದ ತರಿಸುವವರು ಕವರಿನ ನೀರನ್ನು ಹೊಳೆಗೆ ಚೆಲ್ಲಬಾರದು. ಕಡಲಪಾಚಿ ಬೆಳೆಯುವ ಯೋಜನೆಗಳು ಈಗ ಎಲ್ಲ ಕಡೆ ಬರುತ್ತಿವೆ, ಒಳ್ಳೆಯದೇ, ಆದರೆ ತಮಿಳುನಾಡಿನ ಮನ್ನಾರ್ ಕೊಲ್ಲಿಯಲ್ಲಿ ಹೊರಗಿಂದ ತಂದು ಸಾಕಿದ ಕಪ್ಪಾಫೈಕಸ್ ಎಂಬ ಪಾಚಿ ಕುರುಸಡೈ ದ್ವೀಪದ ಹವಳದ ಮೇಲೆ ಹತ್ತಿ ಅದರ ಉಸಿರು ಕಟ್ಟಿಸಿತು. ಅದರ ಒಂದು ತುಂಡು ಮುರಿದು ಬಿದ್ದರೂ ಮತ್ತೆ ಗಿಡವಾಗುತ್ತದೆ. ಮನೆಯ ಅಕ್ವೇರಿಯಮ್ಮಿನ ಮೀನು, ಕೆಂಪು ಕಿವಿಯ ಪುಟ್ಟ ಆಮೆ ಬೇಡವಾದರೆ ಅಂಗಡಿಗೆ ವಾಪಸ್ ಕೊಡಿ, ದೇವರ ಹೆಸರಲ್ಲೂ ಹೊಳೆಗೆ ಬಿಡಬೇಡಿ.

ಮಾಡಬಾರದ ಎರಡು ಕೆಲಸ

ಕೀಟನಾಶಕ, ಬ್ಲೀಚಿಂಗ್ ಪುಡಿ, ಮೈಲುತುತ್ತ ಏನೂ ಹೊಳೆಗೆ ಹಾಕಬೇಡಿ. ಡಾರ್ವಿನ್‌ನಲ್ಲಿ ಗೇಟು ಇತ್ತು, ಸರ್ಕಾರ ಇತ್ತು. ಇಲ್ಲಿ ಸಾಯುವುದು ಬೆಳಚು, ಏಡಿ, ಕಾಣೆಮೀನು. ಹೊಸ ಚಿಪ್ಪು ಅಂತ ಖಾತ್ರಿಯಾದ ಮೇಲೆ ಕೈಯಿಂದಲೇ ಕಿತ್ತು, ಮೂಟೆ ಕಟ್ಟಿ, ದೂರ ಹೂಳುವುದೇ ದಾರಿ, ಅದೂ ಇಲಾಖೆಯವರ ಜೊತೆಗೆ. ಕಲ್ಲಿಂದ ಜಜ್ಜಿ ನೀರಲ್ಲೇ ಬಿಡಬೇಡಿ, ಒಡೆಯದೆ ಉದುರಿದವು ಇನ್ನೊಂದು ಕಡೆ ಹೋಗಿ ಕಚ್ಚಿಕೊಳ್ಳುತ್ತವೆ.

ಎರಡನೆಯದು, ಇದನ್ನು ತಿಂದು ಮುಗಿಸೋಣ ಅನ್ನುವ ಉಪಾಯ. ಬ್ರೆಜಿಲಿನಲ್ಲಿ ಇದರ ಬಳಗದ ಚಿಪ್ಪನ್ನು 'ಸುರುರು' ಅಂತ ತಿನ್ನುತ್ತಾರೆ, ರುಚಿಯಾಗಿಯೇ ಇರುತ್ತದಂತೆ. ಆದರೆ ಬಂದರಿನ, ದಕ್ಕೆಯ ನೀರನ್ನು ಸೋಸಿ ಬದುಕುವ ಜೀವಿ ಆ ನೀರಿನ ವಿಷವನ್ನೂ ಒಳಗಿಟ್ಟುಕೊಂಡಿರುತ್ತದೆ. ಇನ್ನೊಂದು ಭಯ ನನಗೆ ಅದಕ್ಕಿಂತ ಜಾಸ್ತಿ. ಒಮ್ಮೆ ಕಿಲೋಗೆ ರೇಟು ಬಂತು ಅಂದರೆ, ನಮ್ಮ ಹೊಳೆಯಲ್ಲೂ ಇರಲಿ ಅಂತ ಯಾರೋ ಒಬ್ಬರು ಬುಟ್ಟಿಯಲ್ಲಿ ತಂದು ಬಿಡುತ್ತಾರೆ.

ಚಿಕ್ಕಮ್ಮನ ಮನೆ ಹಿಂದಿನ ಗೂಟಕ್ಕೆ ನಾನು ಕಟ್ಟಿ ಬಂದ ಹಂಚು ಇನ್ನೂ ಇದೆ. ಮೊನ್ನೆ ಫೋನಿನಲ್ಲಿ ಕೇಳಿದೆ, ಎತ್ತಿ ನೋಡಿದ್ಯಾ ಅಂತ. "ನೋಡ್ದೆ, ಕಲ್ವದ ಮರಿ ನಾಲ್ಕು ಕೂತಿದೆ, ಮತ್ತೆಂತದೂ ಇಲ್ಲ" ಅಂದಳು. ಒಂದು ಗಳಿಗೆ ಬಿಟ್ಟು, "ಅವು ದೊಡ್ಡಾದ್ಮೇಲೆ ತೆಗೆದು ಸಾರು ಮಾಡ್ಲಕ್ಕಾ?" ಅಂತ ಕೇಳಿದಳು.